ಮೈನ್‌ಕ್ರಾಫ್ಟ್ ಸರ್ವರ್‌ನ ವರ್ಷನ್ ಬದಲಿಸಿದ ಮೇಲೆ ಕೈ ಕೊಟ್ಟರೆ ಎಲ್ಲಿ ಹುಡುಕಬೇಕು

ವರ್ಷನ್ ಬದಲಿಸಿದ್ದೀರಿ, ಸರ್ವರ್ ಏಳುತ್ತಿಲ್ಲ. ಇಲ್ಲವೇ ಎದ್ದಿದೆ, ಆದರೆ ಯಾರಿಗೂ ಒಳಗೆ ಹೋಗಲು ಆಗುತ್ತಿಲ್ಲ. ಇಲ್ಲವೇ ಒಳಗೆ ಹೋಗಿ ನೋಡಿದರೆ ಕಟ್ಟಿದ ಊರೇ ಇಲ್ಲ, ಬರೀ ಕಾಡು. ಈ ಮೂರರಲ್ಲಿ ಯಾವುದೇ ಆಗಿರಲಿ, ಮೊದಲು ಹೋಸ್ಟಿಂಗ್‌ನವರು ಕೊಟ್ಟಿರುವ ಪ್ಯಾನೆಲ್‌ನಲ್ಲಿ (ಸರ್ವರ್ ನಡೆಸುವ ವೆಬ್ ಪುಟ) ಸ್ಟಾಪ್ ಒತ್ತಿ. ಆಮೇಲೆ ಸ್ಟಾರ್ಟ್ ಬಟನ್ ಹತ್ತಿರ ಸದ್ಯಕ್ಕೆ ಹೋಗಬೇಡಿ.

ಏಳದೇ ಇರುವ ಸರ್ವರ್ ಸಾಮಾನ್ಯವಾಗಿ ನಿಮ್ಮ ವರ್ಲ್ಡನ್ನು ಮುಟ್ಟಿರುವುದಿಲ್ಲ. ಎದ್ದ ಸರ್ವರ್ ಮುಟ್ಟುತ್ತದೆ. ಹೊಸ ವರ್ಷನ್‌ನಲ್ಲಿ ಸರ್ವರ್ ಎದ್ದು, ಜನ ಒಳಗೆ ಬಂದು ಓಡಾಡಿದರೆ, ಅವರು ಓಡಾಡಿದ ಜಾಗವೆಲ್ಲ ಹೊಸ ರೂಪದಲ್ಲಿ ಸೇವ್ ಆಗುತ್ತದೆ. ಹಳೇ ವರ್ಷನ್‌ಗೆ ಅದನ್ನು ಓದಲು ಬರುವುದಿಲ್ಲ. ಅದಕ್ಕೇ ನಾನು ಏಳದ ಸರ್ವರ್‌ಗಿಂತ ಅರ್ಧಂಬರ್ಧ ಎದ್ದ ಸರ್ವರ್‌ಗೆ ಜಾಸ್ತಿ ಹೆದರುತ್ತೇನೆ.

ಇದನ್ನು ಕಲಿತಿದ್ದು ಹೇಗೆ ಅಂತ ಹೇಳಿಬಿಡುತ್ತೇನೆ. ಅಕ್ಕನ ಮಕ್ಕಳು ಮತ್ತು ಅವರ ಗೆಳೆಯರಿಗಾಗಿ ಒಂದು ಸಣ್ಣ ಸರ್ವರ್ ಬಾಡಿಗೆಗೆ ಹಿಡಿದು ನಡೆಸುತ್ತಿದ್ದೇನೆ. ಒಂದು ಶನಿವಾರ ಸಂಜೆ ಫೋನ್ ಬಂತು. "ಮಾಮ, ಔಟ್‌ಡೇಟೆಡ್ ಸರ್ವರ್ ಅಂತ ಬರ್ತಿದೆ, ಬೇಗ ಸರಿ ಮಾಡು." ಸರ್ವರ್ ಇದ್ದದ್ದು ಪೇಪರ್ 1.20.4 (ಪ್ಲಗಿನ್ ಅನ್ನುವ ಹೆಚ್ಚುವರಿ ತಂತ್ರಾಂಶ ಸೇರಿಸಲು ಬರುವ ಸರ್ವರ್ ಇದು). ಮಕ್ಕಳ ಕಂಪ್ಯೂಟರ್‌ನಲ್ಲಿ ಆಟ ತಾನಾಗಿಯೇ ಅಪ್‌ಡೇಟ್ ಆಗಿತ್ತು. ನಾನು ಬ್ಯಾಕಪ್ ತೆಗೆಯದೆ 1.21.1 ಹಾಕಿದೆ. ಅರ್ಧ ಪ್ಲಗಿನ್‌ಗಳು ಲೋಡ್ ಆಗಲಿಲ್ಲ. ಗಾಬರಿಯಲ್ಲಿ ವಾಪಸ್ 1.20.4ಕ್ಕೆ ಹೋದೆ. ಅಷ್ಟರಲ್ಲಿ ಮಕ್ಕಳು ಹೊಸ ವರ್ಷನ್‌ನಲ್ಲಿ ಹತ್ತು ನಿಮಿಷ ಆಡಿಬಿಟ್ಟಿದ್ದರು. ಹಳೇ ಸರ್ವರ್ ಈ ವರ್ಲ್ಡನ್ನು ತೆರೆಯಲು ಒಪ್ಪಲಿಲ್ಲ. ಹೋಸ್ಟಿಂಗ್‌ನಲ್ಲಿ ಇದ್ದದ್ದು ಒಂದೇ ಬ್ಯಾಕಪ್ ಜಾಗ. ರಾತ್ರಿ ತಾನಾಗಿ ಆಗುವ ಬ್ಯಾಕಪ್ ಹಳೆಯದರ ಮೇಲೆ ಹೊಸದನ್ನು ಬರೆದಿತ್ತು. ನನ್ನ ಲ್ಯಾಪ್‌ಟಾಪ್‌ನಲ್ಲಿ ಎರಡು ವಾರ ಹಳೆಯ ಕಾಪಿ ಒಂದಿತ್ತು, ಅದನ್ನೇ ಹಾಕಿದೆ. ಅಕ್ಕನ ಮಗಳು ಒಂದು ತೊಟ್ಟಿ ಮನೆ ಕಟ್ಟುತ್ತಿದ್ದಳು. ನಡುವಿನ ತೊಟ್ಟಿ, ಸುತ್ತ ಕಂಬ, ಇಳಿಜಾರು ಸೂರು. ಆ ಸೂರು ಅಷ್ಟೂ ಹೋಯಿತು. ಅವಳು ಬೈಯಲಿಲ್ಲ, ಸುಮ್ಮನೆ ಫೋನ್ ಇಟ್ಟಳು. ಅವತ್ತಿನ ಬೇಜಾರು ಇನ್ನೂ ಇದೆ.

ಈಗಲೂ ತಡವಾಗಿಲ್ಲ, ಕಾಪಿ ಮಾಡಿಕೊಳ್ಳಿ

ಸರ್ವರ್ ನಿಂತಿರುವಾಗಲೇ ಫೈಲ್ ಮ್ಯಾನೇಜರ್‌ನಲ್ಲೋ ಎಸ್‌ಎಫ್‌ಟಿಪಿಯಲ್ಲೋ (ದೂರದ ಸರ್ವರ್‌ನ ಫೈಲ್ ತರುವ ದಾರಿ) ಹೋಗಿ ವರ್ಲ್ಡ್ ಫೋಲ್ಡರ್‌ಗಳನ್ನು ನಿಮ್ಮ ಕಂಪ್ಯೂಟರ್‌ಗೆ ಇಳಿಸಿಕೊಳ್ಳಿ. 1.21 ಸಾಲಿನವರೆಗಿನ ಪೇಪರ್ ಅಥವಾ ಅದೇ ಥರದ ಸ್ಪಿಗಾಟ್ ಆದರೆ ಮೂರು ಫೋಲ್ಡರ್ ಇರುತ್ತವೆ: ಮಾಮೂಲಿ ಲೋಕ, ನೆದರ್, ಎಂಡ್. ಜೊತೆಗೆ ಪ್ಲಗಿನ್ಸ್ ಫೋಲ್ಡರ್ ಮತ್ತು ಸರ್ವರ್ ಡಾಟ್ ಪ್ರಾಪರ್ಟೀಸ್ ಫೈಲ್. ಕೆಟ್ಟ ಸ್ಥಿತಿಯಲ್ಲಿದ್ದರೂ ಪರವಾಗಿಲ್ಲ, ಈಗಿನದನ್ನೇ ತೆಗೆದಿಡಿ. ಮುಂದೆ ಮಾಡುವ ರಿಪೇರಿಯಲ್ಲಿ ಇದಕ್ಕಿಂತ ಕೆಟ್ಟದ್ದಾದರೆ ವಾಪಸ್ ಬರಲು ಒಂದು ಜಾಗ ಬೇಕಲ್ವಾ. ಪ್ಯಾನೆಲ್‌ನಲ್ಲಿರುವ ಬ್ಯಾಕಪ್ಪನ್ನು ಮಾತ್ರ ನಂಬಬೇಡಿ. ನನ್ನದು ಹೋದದ್ದು ಅಲ್ಲೇ.

ಲಾಗ್ ಓದುವುದು

ಜಾಸ್ತಿ ಜನ ಕನ್ಸೋಲ್‌ನ ಕೊನೇ ಸಾಲು ನೋಡಿ ಅದನ್ನೇ ಗೂಗಲ್ ಮಾಡುತ್ತಾರೆ. ಕೊನೇ ಸಾಲು ಸಾಮಾನ್ಯವಾಗಿ "ಸರ್ವರ್ ನಿಂತಿತು" ಅನ್ನುವುದರ ಬೇರೆ ಬೇರೆ ರೂಪ ಅಷ್ಟೇ. ಯಾಕೆ ನಿಂತಿತು ಅನ್ನುವುದು ಮೇಲೆ ಇರುತ್ತದೆ. ಲಾಗ್ಸ್ ಫೋಲ್ಡರ್‌ನಲ್ಲಿ ಲೇಟೆಸ್ಟ್ ಡಾಟ್ ಲಾಗ್ ತೆರೆದು ಮೇಲಿನಿಂದ ಬನ್ನಿ.

ಮೊದಲು ಹುಡುಕಬೇಕಾದ್ದು "ಸ್ಟಾರ್ಟಿಂಗ್ ಮೈನ್‌ಕ್ರಾಫ್ಟ್ ಸರ್ವರ್ ವರ್ಷನ್" ಅನ್ನುವ ಸಾಲು. ಅದರ ಮುಂದೆ ಇರುವ ನಂಬರ್ ನೀವು ಹಾಕಿದ್ದೇನಾ? ಇದು ದೊಡ್ಡ ವಿಷಯ. ಎಷ್ಟೋ ಸಲ ವರ್ಷನ್ ಬದಲಾಗಿರುವುದೇ ಇಲ್ಲ.

ಆಮೇಲೆ ಕೆಳಗೆ ಬನ್ನಿ, ಮೊದಲ ಎರರ್ ಸಿಗುವವರೆಗೆ. ಅದರ ಕೆಳಗೆ "ಅಟ್", "ಅಟ್" ಅಂತ ಹತ್ತಿಪ್ಪತ್ತು ಸಾಲು ಇರುತ್ತವೆ. ಅವನ್ನು ಬಿಡಿ. ಅದೇ ಗುಂಪಿನಲ್ಲಿ "ಕಾಸ್ಡ್ ಬೈ" ಅಂತ ಶುರುವಾಗುವ ಸಾಲುಗಳಿರುತ್ತವೆ. ಅವುಗಳಲ್ಲಿ ಕೊನೆಯದು ನಿಜವಾದ ಕಾರಣ ಹೇಳುತ್ತದೆ. ಅಂದರೆ ಎರರ್‌ಗಳಲ್ಲಿ ಮೊದಲನೆಯದು, ಆ ಎರರ್‌ನ ಒಳಗೆ ಕೊನೇ ಕಾರಣ. ಇದಿಷ್ಟು ನೋಡಿದರೆ ಹುಡುಕಾಟ ಅರ್ಧ ಮುಗಿದ ಹಾಗೆ.

ಲಾಗ್‌ನಲ್ಲಿ ಸೆಕೆಂಡಿನ ಲೆಕ್ಕದ ಜೊತೆ "ಡನ್" ಅಂತ ಬಂದಿದ್ದರೆ ಸರ್ವರ್ ಪೂರ್ತಿ ಎದ್ದಿದೆ. ಆಗ ತೊಂದರೆ ಇರುವುದು ಪ್ಲಗಿನ್‌ನಲ್ಲಿ, ವರ್ಲ್ಡ್‌ನಲ್ಲಿ, ಇಲ್ಲವೇ ಆಡುವವರ ಕಂಪ್ಯೂಟರ್‌ನಲ್ಲಿ. "ಡನ್" ಬಂದೇ ಇಲ್ಲ ಅಂದರೆ ಜಾವಾ (ಸರ್ವರ್ ಓಡಲು ಬೇಕಾದ ತಂತ್ರಾಂಶ) ಅಥವಾ ಜಾರ್ ಫೈಲ್‌ನಿಂದ (ಸರ್ವರ್‌ನ ಪ್ರೋಗ್ರಾಂ ಫೈಲ್) ಶುರು ಮಾಡಿ.

ಏಳುತ್ತಲೇ ಇಲ್ಲ: ಜಾವಾ ನೋಡಿ

ಲಾಗ್‌ನಲ್ಲಿ "ಅನ್‌ಸಪೋರ್ಟೆಡ್ ಕ್ಲಾಸ್ ವರ್ಷನ್ ಎರರ್" ಅಂತ ಇದೆಯೇ? ಅದರ ಜೊತೆ ಎರಡು ನಂಬರ್ ಇರುತ್ತವೆ, 65.0 ಮತ್ತು 61.0 ಅನ್ನುವ ಥರ. ಸರ್ವರ್ ಫೈಲ್ ತಯಾರಾದದ್ದು 65ಕ್ಕೆ, ನಿಮ್ಮಲ್ಲಿರುವ ಜಾವಾ ಓದಬಲ್ಲದ್ದು 61ರವರೆಗೆ ಮಾತ್ರ ಅಂತ ಅದರ ಅರ್ಥ. ಈ ನಂಬರ್‌ನಿಂದ 44 ಕಳೆಯಿರಿ, ಜಾವಾ ವರ್ಷನ್ ಸಿಗುತ್ತದೆ. 65 ಅಂದರೆ ಜಾವಾ 21. 61 ಅಂದರೆ ಜಾವಾ 17. 52 ಅಂದರೆ ಜಾವಾ 8.

ಮೈನ್‌ಕ್ರಾಫ್ಟ್ 1.16.5ರವರೆಗೆ ಜಾವಾ 8 ಸಾಕಾಗಿತ್ತು. 2021ರ ಜೂನ್‌ನಲ್ಲಿ ಬಂದ 1.17 ಜಾವಾ 16 ಕೇಳಿತು. 1.18ರಿಂದ 1.20.4ರವರೆಗೆ ಜಾವಾ 17. 2024ರ ಏಪ್ರಿಲ್‌ನಲ್ಲಿ ಬಂದ 1.20.5ರಿಂದ 1.21 ಸಾಲಿನವರೆಗೆ ಜಾವಾ 21. ನೋಡಿ, 1.20.4ರಿಂದ 1.20.5ಕ್ಕೆ ಹೋಗುವುದು ಸಣ್ಣ ಹೆಜ್ಜೆಯ ಹಾಗೆ ಕಾಣುತ್ತದೆ. ಕೊನೇ ಅಂಕಿ ಒಂದು ಬದಲಾಗಿದೆ ಅಷ್ಟೇ. ಆದರೆ ಅಲ್ಲೇ ಜಾವಾ ಬದಲಾಗಿದೆ. ಬಹಳ ಜನ ಎಡವುವ ಜಾಗ ಇದು.

ಟೆರೋಡ್ಯಾಕ್ಟಿಲ್ ಥರದ ಪ್ಯಾನೆಲ್ ಆದರೆ ಸ್ಟಾರ್ಟಪ್ ಪುಟದಲ್ಲಿ ಡಾಕರ್ ಇಮೇಜ್ ಅಂತ ಒಂದು ಪಟ್ಟಿ ಇರುತ್ತದೆ. ಅದರಲ್ಲಿ ಜಾವಾ 21 ಆರಿಸಿ. ಬೇರೆ ಪ್ಯಾನೆಲ್‌ಗಳಲ್ಲಿ ನೇರವಾಗಿ ಜಾವಾ ವರ್ಷನ್ ಅಂತಲೇ ಇರುತ್ತದೆ. ಆ ಪಟ್ಟಿ ಕಾಣದಿದ್ದರೆ ಹೋಸ್ಟಿಂಗ್‌ನವರಿಗೆ ಟಿಕೆಟ್ ಹಾಕಿ "ಜಾವಾ 21 ಬೇಕು" ಅಂತ ಬರೆಯಿರಿ, ಸಾಕು.

ಇದರ ಉಲ್ಟಾ ತೊಂದರೆಯೂ ಇದೆ. 1.12.2ರ ಹಳೇ ಫೋರ್ಜ್ ಮಾಡ್‌ಪ್ಯಾಕ್‌ಗೆ (ಆಟವನ್ನೇ ಬದಲಿಸುವ ಮಾಡ್‌ಗಳ ಕಟ್ಟು) ಹೊಸ ಜಾವಾ ಕೊಟ್ಟರೆ ಅದೂ ಏಳುವುದಿಲ್ಲ. ಅದಕ್ಕೆ ಜಾವಾ 8 ಬೇಕು. ಹೊಸದೇ ಒಳ್ಳೆಯದು ಅಂತ ಇಲ್ಲಿ ಹೇಳಲು ಬರುವುದಿಲ್ಲ.

ಜಾವಾ ಸರಿ ಇದ್ದೂ ಸುಮ್ಮನೆ ನಿಂತುಹೋದರೆ ಇನ್ನೆರಡು ನೋಡಿ. ರೀಇನ್‌ಸ್ಟಾಲ್ ಮಾಡಿದ ಮೇಲೆ ಯೂಲಾ ಫೈಲ್ (ಬಳಕೆಯ ಷರತ್ತಿಗೆ ಒಪ್ಪಿಗೆ ಕೇಳುವ ಫೈಲ್) ಹೊಸದಾಗಿ ಬಂದು ಅದರಲ್ಲಿ "ಫಾಲ್ಸ್" ಅಂತ ಇರಬಹುದು. ಅದನ್ನು "ಟ್ರೂ" ಮಾಡಿ. "ಫೇಲ್ಡ್ ಟು ಬೈಂಡ್ ಟು ಪೋರ್ಟ್" ಅಂತ ಬಂದರೆ ಹಳೇ ಸರ್ವರ್ ಇನ್ನೂ ಒಳಗೆ ಓಡುತ್ತಿರಬಹುದು, ಇಲ್ಲವೇ ಪ್ರಾಪರ್ಟೀಸ್ ಫೈಲ್‌ನಲ್ಲಿ ಪೋರ್ಟ್ ನಂಬರ್ 25565ಕ್ಕೆ ಮರಳಿ, ನಿಮಗೆ ಕೊಟ್ಟಿರುವ ಪೋರ್ಟ್ ಬೇರೆ ಇರಬಹುದು.

ವರ್ಷನ್ ಬದಲಿಸಿದೆ, ಹಳೆಯದೇ ತೋರಿಸುತ್ತಿದೆ

ಟೆರೋಡ್ಯಾಕ್ಟಿಲ್‌ನಲ್ಲಿ ವರ್ಷನ್ ಬಾಕ್ಸ್‌ನಲ್ಲಿ ನಂಬರ್ ಬದಲಿಸಿದರೆ ಅಷ್ಟಕ್ಕೇ ಜಾರ್ ಫೈಲ್ ಬದಲಾಗುವುದಿಲ್ಲ. ಸೆಟ್ಟಿಂಗ್ಸ್‌ನಲ್ಲಿ ರೀಇನ್‌ಸ್ಟಾಲ್ ಒತ್ತಿದಾಗ ಮಾತ್ರ ಹೊಸ ಫೈಲ್ ಇಳಿಯುತ್ತದೆ. ಆದರೆ ರೀಇನ್‌ಸ್ಟಾಲ್ ಒಂದೊಂದು ಕಡೆ ಒಂದೊಂದು ಥರ ನಡೆದುಕೊಳ್ಳುತ್ತದೆ. ಕೆಲವು ಕಡೆ ಜಾರ್ ಮಾತ್ರ ಬದಲಾಗುತ್ತದೆ, ಕೆಲವು ಕಡೆ ಬೇರೆ ಫೈಲ್‌ಗಳೂ ಅಳಿಸಿಹೋಗುತ್ತವೆ. ಅದಕ್ಕೇ ನಾನು ಆ ಬಟನ್ ಒತ್ತುವುದಿಲ್ಲ. ಜಾರ್ ಫೈಲನ್ನು ನಾನೇ ಇಳಿಸಿಕೊಂಡು, ಅಪ್‌ಲೋಡ್ ಮಾಡಿ, ಹಳೆಯದರ ಹೆಸರಿಗೆ "ಹಳೆ" ಅಂತ ಸೇರಿಸಿ ಪಕ್ಕಕ್ಕಿಡುತ್ತೇನೆ. ಸ್ಟಾರ್ಟಪ್ ಪುಟದಲ್ಲಿ ಬರೆದಿರುವ ಜಾರ್ ಹೆಸರೂ ನೀವು ಹಾಕಿದ ಫೈಲ್‌ನ ಹೆಸರೂ ಅಕ್ಷರ ಬಿಡದೆ ಒಂದೇ ಇರಬೇಕು.

ಎದ್ದಿದೆ, ಆದರೆ ಪ್ಲಗಿನ್‌ಗಳು ಕೆಂಪು

"ಕುಡ್ ನಾಟ್ ಲೋಡ್" ಅಂತ ಒಂದು ಪ್ಲಗಿನ್ ಹೆಸರಿನ ಜೊತೆ ಬಂದರೆ, ಇಲ್ಲವೇ "ಎರರ್ ಅಕರ್ಡ್ ವೈಲ್ ಎನೇಬ್ಲಿಂಗ್" ಅಂತ ಬಂದು ಕೊನೆಗೆ "ಈಸ್ ಇಟ್ ಅಪ್ ಟು ಡೇಟ್?" ಅಂತ ಕೇಳಿದರೆ, ಆ ಪ್ರಶ್ನೆಗೆ ಉತ್ತರ ಸಾಮಾನ್ಯವಾಗಿ "ಇಲ್ಲ". ಆ ಪ್ಲಗಿನ್‌ನ ಹೊಸ ಬಿಲ್ಡ್ ಹುಡುಕಿ.

ಇಲ್ಲಿ ಸ್ವಲ್ಪ ಒಳಗಿನ ಕಥೆ ಗೊತ್ತಿದ್ದರೆ ಸಮಯ ಉಳಿಯುತ್ತದೆ. ಎರಡು ಥರದ ಪ್ಲಗಿನ್‌ಗಳಿವೆ. ಕೆಲವು ಸರ್ವರ್‌ನ ಮುಂಬಾಗಿಲಿನಿಂದ ಮಾತಾಡುತ್ತವೆ, ಅಂದರೆ ಎಪಿಐ ಬಳಸುತ್ತವೆ. ಅವು ವರ್ಷನ್ ಬದಲಾದರೂ ಬಹಳ ಸಲ ಹಾಗೇ ನಡೆಯುತ್ತವೆ. ಇನ್ನು ಕೆಲವು ಹಿತ್ತಲಿನಿಂದ ನುಗ್ಗಿ ಸರ್ವರ್‌ನ ಒಳಗಿನ ಕೋಡನ್ನೇ ಹಿಡಿಯುತ್ತವೆ. ಪ್ರತಿ ವರ್ಷನ್‌ನಲ್ಲೂ ಒಳಗಿನ ಹೆಸರುಗಳು ಬದಲಾಗುವುದರಿಂದ ಮುರಿಯುವುದು ಇವೇ. ವರ್ಲ್ಡ್‌ಎಡಿಟ್, ಪ್ರೋಟೋಕಾಲ್‌ಲಿಬ್ ಈ ಗುಂಪಿನವು. ಹೊಸ ವರ್ಷನ್‌ಗೆ ಇವುಗಳ ಹೊಸ ಬಿಲ್ಡ್ ಬಂದಿದೆಯಾ ಅಂತ ನೋಡಿಯೇ ಮುಂದೆ ಹೋಗಬೇಕು.

ಲಾಗ್‌ನಲ್ಲಿ ಕ್ರಾಫ್ಟ್‌ಬುಕ್ಕಿಟ್ ಅನ್ನುವ ಹೆಸರಿನ (ಸರ್ವರ್‌ನ ಒಳಗಿನ ಕೋಡ್‌ನ ಹೆಸರು) ಪಕ್ಕ "ವಿ1_20_ಆರ್3" ಅನ್ನುವ ಥರದ ತುಣುಕು ಕಂಡರೆ ಸಂಶಯವೇ ಬೇಡ. ಅದು 1.20.4ರ ಗುರುತು. ಪೇಪರ್ 1.20.5ರಿಂದ ಈ ವರ್ಷನ್ ಗುರುತನ್ನೇ ಆ ಹೆಸರಿನಿಂದ ತೆಗೆದುಹಾಕಿದೆ. ಹಳೇ ಪ್ಲಗಿನ್ ಆ ಹೆಸರು ಹುಡುಕಿಕೊಂಡು ಹೋಗುತ್ತದೆ, ಅಲ್ಲಿ ಏನೂ ಇರುವುದಿಲ್ಲ. ಅವತ್ತು ನನ್ನ ಅರ್ಧ ಪ್ಲಗಿನ್‌ಗಳು ಬಿದ್ದದ್ದು ಇದರಿಂದಲೇ. ಲಾಗ್‌ನಲ್ಲಿ ಕಾರಣ ಸ್ಪಷ್ಟವಾಗಿ ಬರೆದಿತ್ತು. ನಾನು ಓದಲಿಲ್ಲ. ಓದಿದ್ದರೆ ವಾಪಸ್ ಹೋಗುವ ಬದಲು ನಾಲ್ಕು ಪ್ಲಗಿನ್ ಹೊಸದು ಹಾಕಿ ಮುಗಿಸುತ್ತಿದ್ದೆ.

"ಆಂಬಿಗ್ಯುಯಸ್ ಪ್ಲಗಿನ್ ನೇಮ್" ಅಂತ ಬಂದರೆ ಒಂದೇ ಪ್ಲಗಿನ್‌ನ ಹಳೇ ಜಾರ್, ಹೊಸ ಜಾರ್ ಎರಡೂ ಫೋಲ್ಡರ್‌ನಲ್ಲಿವೆ. ಹಳೆಯದನ್ನು ತೆಗೆಯಿರಿ.

ಯಾವ ಪ್ಲಗಿನ್ ಅಂತ ಗೊತ್ತಾಗದಿದ್ದರೆ ಅರ್ಧರ್ಧ ಮಾಡಿ ಹುಡುಕಿ. ಇಪ್ಪತ್ತು ಇದ್ದರೆ ಹತ್ತನ್ನು ಹೊರಗಿಟ್ಟು ನೋಡಿ. ತೊಂದರೆ ಹೋಯಿತಾ, ಹೊರಗಿಟ್ಟ ಹತ್ತರಲ್ಲಿದೆ. ಹೋಗಲಿಲ್ಲವಾ, ಒಳಗಿರುವ ಹತ್ತರಲ್ಲಿದೆ. ನಾಲ್ಕೈದು ಸುತ್ತಿನಲ್ಲಿ ಸಿಕ್ಕಿಬೀಳುತ್ತದೆ. ಆದರೆ ಈ ಆಟವನ್ನು ಅಸಲಿ ವರ್ಲ್ಡ್ ಮೇಲೆ ಆಡಬೇಡಿ. ಇಳಿಸಿಕೊಂಡ ಕಾಪಿ ಇದೆಯಲ್ಲ, ಅದರದೇ ಇನ್ನೊಂದು ಕಾಪಿ ಮಾಡಿ, ನಿಮ್ಮ ಕಂಪ್ಯೂಟರ್‌ನಲ್ಲೇ ಅದೇ ಜಾರ್ ಓಡಿಸಿ ನೋಡಿ. ಐದಾರು ಜನ ಆಡುವ ವರ್ಲ್ಡ್‌ಗೆ ಪರೀಕ್ಷೆಗೆ 2 ಜಿಬಿ ಮೆಮೊರಿ ಸಾಕು.

ಮಾಡ್ ಹಾಕಿದ ಸರ್ವರ್ ಆದರೆ ಇನ್ನೂ ಹುಷಾರು. ಒಂದು ಮಾಡ್ ತೆಗೆದು ಸರ್ವರ್ ಎಬ್ಬಿಸಿದರೆ ಆ ಮಾಡ್‌ನಿಂದ ಬಂದಿದ್ದ ಬ್ಲಾಕ್‌ಗಳು ವರ್ಲ್ಡ್‌ನಿಂದ ಮಾಯವಾಗಬಹುದು. ಆಮೇಲೆ ಮಾಡ್ ವಾಪಸ್ ಹಾಕಿದರೂ ಅವು ಬರುವುದಿಲ್ಲ. ಅರ್ಧರ್ಧ ಮಾಡುವ ಹುಡುಕಾಟ ಅಲ್ಲಿ ಕಾಪಿಯ ಮೇಲೆ ಮಾತ್ರ.

ಸರ್ವರ್ ಸರಿ ಇದೆ, ಹುಡುಗರು ಬರಲಾಗುತ್ತಿಲ್ಲ

ಪೇಪರ್‌ನಲ್ಲಿ "ಔಟ್‌ಡೇಟೆಡ್ ಸರ್ವರ್" ಅಂದರೆ ಆಡುವವರದು ಹೊಸದು, ನಿಮ್ಮದು ಹಳೆಯದು. "ಔಟ್‌ಡೇಟೆಡ್ ಕ್ಲೈಂಟ್" ಅಂದರೆ ಉಲ್ಟಾ. ಎರಡಕ್ಕೂ ಆ ಸಂದೇಶದಲ್ಲೇ ಸರ್ವರ್‌ನ ವರ್ಷನ್ ನಂಬರ್ ಇರುತ್ತದೆ. ಫೋನಿನಲ್ಲಿ ಸಹಾಯ ಮಾಡುವಾಗ "ಏನಂತ ಬಂತು" ಅಂತ ಕೇಳಬೇಡಿ, ಸ್ಕ್ರೀನ್‌ಶಾಟ್ ಕಳಿಸಲು ಹೇಳಿ.

ಇದಕ್ಕೆ ಬಹಳ ಸಲ ಸರ್ವರ್ ಮುಟ್ಟುವ ಅಗತ್ಯವೇ ಇಲ್ಲ. ಲಾಂಚರ್‌ನಲ್ಲಿ "ಲೇಟೆಸ್ಟ್ ರಿಲೀಸ್" ಆರಿಸಿದ್ದರೆ ಹೊಸ ವರ್ಷನ್ ಬಂದ ದಿನ ಅದು ತಾನೇ ಜಿಗಿಯುತ್ತದೆ. ಇನ್‌ಸ್ಟಾಲೇಶನ್ಸ್ ಪುಟಕ್ಕೆ ಹೋಗಿ, ಹೊಸದೊಂದು ಮಾಡಿ, ಸರ್ವರ್‌ನ ವರ್ಷನ್ನನ್ನೇ ಆರಿಸಿದರೆ ಎರಡು ನಿಮಿಷದ ಕೆಲಸ. ಆ ಶನಿವಾರ ನಾನು ಮಾಡಬೇಕಿದ್ದದ್ದು ಇಷ್ಟೇ. ಒಬ್ಬಿಬ್ಬರಿಗೆ ಮಾತ್ರ ತೊಂದರೆ ಇದ್ದರೆ ಈಗಲೂ ನಾನು ಹೇಳುವುದು ಇದನ್ನೇ. ಎಲ್ಲರಿಗೂ ಲಾಂಚರ್ ಬದಲಿಸಲು ಹೇಳುವುದು ಕಷ್ಟ ಅಂದರೆ ವಯಾವರ್ಷನ್ ಅನ್ನುವ ಪ್ಲಗಿನ್ ಹಾಕಿ. ಹಳೇ ಸರ್ವರ್‌ಗೆ ಹೊಸ ಕ್ಲೈಂಟ್‌ನವರು ಬರಬಹುದು. ಹೊಸ ಸರ್ವರ್‌ಗೆ ಹಳೇ ಕ್ಲೈಂಟ್‌ನವರು ಬರಬೇಕಾದರೆ ಅದರ ಜೊತೆ ವಯಾಬ್ಯಾಕ್‌ವರ್ಡ್ಸ್ ಕೂಡ ಬೇಕು.

ಎಲ್ಲ ಸಣ್ಣ ವ್ಯತ್ಯಾಸವೂ ಅಡ್ಡಿ ಮಾಡುವುದಿಲ್ಲ. 1.21 ಮತ್ತು 1.21.1 ಒಂದೇ ಪ್ರೋಟೋಕಾಲ್ (ಆಟ ಮತ್ತು ಸರ್ವರ್ ಮಾತಾಡುವ ರೀತಿ) ಬಳಸುತ್ತವೆ, ಒಂದರಿಂದ ಇನ್ನೊಂದಕ್ಕೆ ಹೋಗಬಹುದು. 1.20.4ರಿಂದ 1.20.5ಕ್ಕೆ ಆಗುವುದಿಲ್ಲ. ಫೋನ್‌ನಿಂದ ಗೀಸರ್ (ಫೋನಿನ ಆಟವನ್ನು ಈ ಸರ್ವರ್‌ಗೆ ಸೇರಿಸುವ ತಂತ್ರಾಂಶ) ಮೂಲಕ ಬರುವವರಿಗೆ ಮಾತ್ರ ತೊಂದರೆ ಅಂದರೆ ಫೋನಿನ ಆಟ ಅಪ್‌ಡೇಟ್ ಆಗಿರುತ್ತದೆ, ಗೀಸರ್ ಹಳೆಯದಾಗಿರುತ್ತದೆ. ಗೀಸರ್ ಹೊಸದು ಹಾಕಿ, ಸರ್ವರ್ ಹಾಗೇ ಇರಲಿ.

ಒಳಗೆ ಹೋದರೆ ಊರೇ ಇಲ್ಲ

ಎದೆ ಧಸಕ್ ಅನ್ನುವುದು ಇಲ್ಲಿ. ಆದರೆ ನಿಧಾನಿಸಿ, ಊರು ಬಹುಶಃ ಎಲ್ಲೂ ಹೋಗಿಲ್ಲ. ಸರ್ವರ್ ಬೇರೆ ಫೋಲ್ಡರ್ ನೋಡುತ್ತಿದೆ ಅಷ್ಟೇ. ಪ್ರಾಪರ್ಟೀಸ್ ಫೈಲ್‌ನಲ್ಲಿ "ಲೆವೆಲ್ ನೇಮ್" ಸಾಲು ನೋಡಿ. ನಿಮ್ಮ ವರ್ಲ್ಡ್ ಫೋಲ್ಡರ್‌ನ ಹೆಸರು ಬೇರೆ ಇದ್ದು, ಅಲ್ಲಿ "ವರ್ಲ್ಡ್" ಅಂತ ಇದ್ದರೆ, ಆ ಹೆಸರಿನಲ್ಲಿ ಸರ್ವರ್ ಒಂದು ಹೊಸ ಲೋಕವನ್ನೇ ಹುಟ್ಟಿಸಿರುತ್ತದೆ. ಎರಡು ಫೋಲ್ಡರ್‌ಗಳ ಗಾತ್ರ ಹೋಲಿಸಿ. ಒಳಗೆ ರೀಜನ್ ಅನ್ನುವ ಫೋಲ್ಡರ್ ಇದೆ. ಅದರಲ್ಲಿ ಒಂದೊಂದು ಫೈಲ್ 512 × 512 ಬ್ಲಾಕ್ ಜಾಗದ್ದು. ವರ್ಷಗಟ್ಟಲೆ ಆಡಿದ ವರ್ಲ್ಡ್‌ನಲ್ಲಿ ನೂರಾರು ಫೈಲ್ ಇರುತ್ತವೆ, ಹೊಸದರಲ್ಲಿ ಬೆರಳೆಣಿಕೆಯಷ್ಟು. ಹೆಸರು ಸರಿ ಮಾಡಿ ಎಬ್ಬಿಸಿ.

ಊರು ಇದೆ, ಆದರೆ ಎಲ್ಲರ ಚೀಲ ಖಾಲಿ ಅಂದರೆ "ಆನ್‌ಲೈನ್ ಮೋಡ್" ಸಾಲು ನೋಡಿ. ಅದು ಟ್ರೂನಿಂದ ಫಾಲ್ಸ್‌ಗೋ ಫಾಲ್ಸ್‌ನಿಂದ ಟ್ರೂಗೋ ಬದಲಾದರೆ ಪ್ರತಿಯೊಬ್ಬರ ಗುರುತಿನ ನಂಬರ್ ಬದಲಾಗುತ್ತದೆ. ಸರ್ವರ್‌ಗೆ ಎಲ್ಲರೂ ಹೊಸಬರು. ಮೊದಲು ಹೇಗಿತ್ತೋ ಹಾಗೆ ಮಾಡಿದರೆ ಸಾಮಾನು ವಾಪಸ್ ಸಿಗುತ್ತದೆ.

ನೆದರ್ ಮಾತ್ರ ಹೊಸದಾಗಿದೆಯಾ? ಪೇಪರ್ ಬಿಟ್ಟು ವೆನಿಲ್ಲಾ (ಏನೂ ಸೇರಿಸದ ಮೂಲ ಸರ್ವರ್) ಅಥವಾ ಫ್ಯಾಬ್ರಿಕ್‌ಗೆ (ಮಾಡ್ ಹಾಕುವ ಸರ್ವರ್) ಬಂದಿರಬೇಕು. ನಾನು ಬಳಸುವ 1.21 ಸಾಲಿನಲ್ಲಿ ಪೇಪರ್ ನೆದರ್‌ಗೆ ಬೇರೆ ಫೋಲ್ಡರ್ ಇಡುತ್ತದೆ, ವೆನಿಲ್ಲಾ ಮುಖ್ಯ ವರ್ಲ್ಡ್‌ನ ಒಳಗೇ ಹುಡುಕುತ್ತದೆ. ನೆದರ್ ಫೋಲ್ಡರ್ ಒಳಗಿರುವ "ಡಿಐಎಂ-1" ಅನ್ನುವುದನ್ನು ಮುಖ್ಯ ವರ್ಲ್ಡ್ ಒಳಗೆ ಹಾಕಿ. ಎಂಡ್‌ಗೆ "ಡಿಐಎಂ1".

ಇನ್ನೊಂದು, ದೋಷವೇ ಅಲ್ಲದ ದೋಷ. "ಹೊಸ ವರ್ಷನ್ ಹಾಕಿದ್ದೀನಿ ಅಂತೀಯ, ಟ್ರಯಲ್ ಚೇಂಬರ್ ಎಲ್ಲೂ ಇಲ್ಲ" ಅಂತ ಮಕ್ಕಳು ಹೇಳುತ್ತಾರೆ. ಈ ಮೊದಲೇ ಓಡಾಡಿದ ಜಾಗದಲ್ಲಿ ಹೊಸ ಕಟ್ಟಡಗಳು ಹುಟ್ಟುವುದಿಲ್ಲ. ಯಾರೂ ಕಾಲಿಡದ ಕಡೆಗೆ ಹೋಗಬೇಕು.

ಹಿಂದಕ್ಕೆ ಹೋಗಬಹುದಾ?

ಪ್ರತಿ ವರ್ಷನ್‌ಗೂ ಒಂದು ಡೇಟಾ ನಂಬರ್ ಇದೆ. 1.20.4ರದು 3700, 1.21.1ರದು 3955. ಅವತ್ತು ನನ್ನ ಕನ್ಸೋಲ್‌ನಲ್ಲಿ ಬಂದದ್ದು ಇದೇ: ಹೊಸ ವರ್ಷನ್‌ನಲ್ಲಿ ಸೇವ್ ಆದ ಚಂಕ್ (ವರ್ಲ್ಡ್‌ನ ಒಂದು ತುಂಡು) ಲೋಡ್ ಮಾಡಲು ನೋಡಿದೆ, 3955 > 3700. ಪೇಪರ್ ಅಲ್ಲೇ ನಿಂತಿತು. ಅದು ನಿಂತದ್ದೇ ಒಳ್ಳೆಯದಾಯಿತು. ಈ ತಡೆಯನ್ನು ತೆಗೆಯುವ ಒಂದು ಸ್ಟಾರ್ಟಪ್ ಫ್ಲ್ಯಾಗ್ ಇದೆ, ಹುಡುಕಿದರೆ ಸಿಗುತ್ತದೆ. ದಯವಿಟ್ಟು ಹಾಕಬೇಡಿ. ಹಳೇ ಸರ್ವರ್‌ಗೆ ಅರ್ಥವಾಗದ ಬ್ಲಾಕ್, ಸಾಮಾನು ಎಲ್ಲ ಹಾಳಾಗುತ್ತವೆ. ಹಾಳಾದದ್ದೇ ಸೇವ್ ಆಗುತ್ತದೆ.

ಹಿಂದಕ್ಕೆ ಹೋಗಲು ಇರುವುದು ಒಂದೇ ದಾರಿ, ಬದಲಿಸುವ ಮೊದಲು ತೆಗೆದ ಬ್ಯಾಕಪ್. ಅದಿಲ್ಲ ಅಂದರೆ ಮುಂದಕ್ಕೇ ಹೋಗಿ. ಹೊಸ ವರ್ಷನ್‌ನಲ್ಲೇ ಉಳಿದು ಪ್ಲಗಿನ್‌ಗಳನ್ನು ಸರಿ ಮಾಡಿಕೊಳ್ಳುವುದು ವರ್ಲ್ಡ್ ಕಳೆದುಕೊಳ್ಳುವುದಕ್ಕಿಂತ ಎಷ್ಟೋ ವಾಸಿ. ನಾನೂ ಆ ರಾತ್ರಿ ಹಾಗೆ ಮಾಡಿದ್ದರೆ ಸೂರು ಉಳಿಯುತ್ತಿತ್ತು. ವರ್ಲ್ಡ್ ಅಲ್ಲೇ ಚೆನ್ನಾಗಿಯೇ ಇತ್ತು, 1.21.1ರ ರೂಪದಲ್ಲಿ. ನಾನು ಅದರ ಕಾಪಿ ಕೂಡ ತೆಗೆಯದೆ ಹಳೆಯದನ್ನು ಅದರ ಮೇಲೇ ಹಾಕಿಬಿಟ್ಟೆ.

ಎಲ್ಲ ಸರಿಯಾಯಿತು ಅನ್ನಿಸಿದ ಮೇಲೆ

ಮಕ್ಕಳಿಗೆ ತಕ್ಷಣ ಬಾಗಿಲು ತೆಗೆಯಬೇಡಿ. ವೈಟ್‌ಲಿಸ್ಟ್ ಆನ್ ಮಾಡಿ, ಪಟ್ಟಿಯಲ್ಲಿ ನಿಮ್ಮ ಹೆಸರು ಮಾತ್ರ ಇರಲಿ. ಒಳಗೆ ಹೋಗಿ ಒಂದು ಪೆಟ್ಟಿಗೆ ತೆರೆದು ಸಾಮಾನು ನೋಡಿ. ನೆದರ್‌ಗೆ ಹೋಗಿ ವಾಪಸ್ ಬನ್ನಿ. ಮನೆಗಳಿಗೆ ಹಾಕಿದ್ದ ರಕ್ಷಣೆ ಇನ್ನೂ ಇದೆಯಾ ಅಂತ ನಿಮ್ಮ ಆಪ್ (ಆಪರೇಟರ್) ಅಧಿಕಾರ ತೆಗೆದು ಒಂದು ಬ್ಲಾಕ್ ಒಡೆಯಲು ನೋಡಿ. ಆಮೇಲೆ ಸರ್ವರ್ ನಿಲ್ಲಿಸಿ ಇನ್ನೊಂದು ಸಲ ಎಬ್ಬಿಸಿ. ಮೊದಲ ಸಲ ಸರಿಯಾಗಿ ಎದ್ದು ಎರಡನೇ ಸಲ ಬೀಳುವುದೂ ಉಂಟು.

ನಾನು ಈಗ ಪ್ರತಿ ಸಲ ಕೊನೆಗೆ ಹೋಗಿ ನಿಲ್ಲುವುದು ಆ ತೊಟ್ಟಿ ಮನೆಯ ಮುಂದೆ. ಅಕ್ಕನ ಮಗಳು ಸೂರನ್ನು ಮತ್ತೆ ಕಟ್ಟಿದ್ದಾಳೆ, ಮೊದಲಿಗಿಂತ ಸ್ವಲ್ಪ ಎತ್ತರವಾಗಿ. ಕಂಬಗಳನ್ನು ಎಣಿಸುತ್ತೇನೆ, ಹನ್ನೆರಡು. ಹನ್ನೆರಡೂ ಇದ್ದರೆ ವೈಟ್‌ಲಿಸ್ಟ್‌ಗೆ ಅವಳ ಹೆಸರು ಮೊದಲು ಸೇರಿಸುತ್ತೇನೆ.